ಹಕ್ಕಲ ಜೋಳದ ಮೊದಲ ತುತ್ತು

ನನ್ನ ಅವ್ವನ ಜೊತೆ ಬೀದಿಯಲ್ಲಿ ನಡೆಯುವುದೆಂದರೆ ನನಗೆ ದೊಡ್ಡ ಶಿಕ್ಷೆ. ವಯಸ್ಸು ಎಪ್ಪತ್ತೈದು ದಾಟಿದೆ, ಎರಡೂ ಕಣ್ಣಿಗೆ ಆಪರೇಷನ್ ಆಗಿದೆ, ಬಸ್ಸಿನ ಬೋರ್ಡು ಕಾಣುವುದಿಲ್ಲ ಅನ್ನುತ್ತಾಳೆ. ಆದರೆ ನೆಲಕ್ಕೆ ಬಿದ್ದ ಕಾಳು ಮಾತ್ರ ಹತ್ತು ಮಾರು ದೂರದಿಂದಲೇ ಕಾಣುತ್ತದೆ. ಒಮ್ಮೆ ವಿಜಯಪುರದ ಸ್ಟೇಷನ್ ರಸ್ತೆಯಲ್ಲಿ ಯಾವುದೋ ಅಂಗಡಿಯ ಮುಂದೆ ಚೀಲ ಹರಿದು ತೊಗರಿ ಚೆಲ್ಲಿತ್ತು. ನಾನು ಆಟೋದವನ ಜೊತೆ ಜಗಳಕ್ಕೆ ನಿಂತಿದ್ದೆ. ತಿರುಗಿ ನೋಡಿದರೆ ಅವ್ವ ರಸ್ತೆಯ ನಡುವೆ ಕುಕ್ಕರಗಾಲಲ್ಲಿ ಕೂತು ಸೆರಗಿಗೆ ತೊಗರಿ ಬಳಿದುಕೊಳ್ಳುತ್ತಿದ್ದಾಳೆ. ಹಿಂದೆ ಒಂದು ಬಸ್ಸು, ಒಂದು ಟ್ರ್ಯಾಕ್ಟರು ಹಾರ್ನ್ ಬಾರಿಸುತ್ತ ನಿಂತಿವೆ.

"ಏಳ ಬೇ ಯವ್ವಾ, ಮಂದಿ ನೋಡಾಕತ್ತಾರ!" ಎಂದು ಒದರಿದೆ.

"ನೋಡ್ಲಿ ಬಿಡು. ನಿಂತ ನೋಡೂ ಬದ್ಲಿ ನಾಕ ಕಾಳ ಆರಿಸಿದ್ರ ಲಗೂನ ಮುಗೀತಿತ್ತು."

ಕಡೆಗೆ ಬಸ್ಸಿನ ಕಂಡಕ್ಟರನೇ ಇಳಿದು ಬಂದು ಎರಡು ಬೊಗಸೆ ಬಳಿದು ಅವಳ ಸೆರಗಿಗೆ ಹಾಕಿ, ಕೈಹಿಡಿದು ರಸ್ತೆ ದಾಟಿಸಿದ. ನಾನು ಮುಖ ಎಲ್ಲಿಡಲಿ ಎಂದು ಹುಡುಕುತ್ತಿದ್ದೆ. ಆ ರಾತ್ರಿ ತೊಗರಿ ಕಟ್ಟು ಭೇಷ್ ಆಗಿತ್ತು, ಅದನ್ನೂ ಹೇಳಿಬಿಡುತ್ತೇನೆ.

ಈ ಚಟಕ್ಕೆ ನಮ್ಮ ಕಡೆ ಒಂದು ಹೆಸರಿದೆ: ಹಕ್ಕಲ. ಹೊಲದವರು ಬೆಳೆ ಕೊಯ್ದು, ಕಟ್ಟಿ, ಸಾಗಿಸಿಕೊಂಡು ಹೋದ ಮೇಲೆ ನೆಲದಲ್ಲಿ ಉಳಿದ ತೆನೆ, ಕಾಳು, ಕಾಯಿ ಆರಿಸಿಕೊಂಡವರಿಗೆ ಸೇರಿದ್ದು. ಕೇಳಿದರೆ ಹೊಲದವರು ಇಲ್ಲ ಅನ್ನುವಂತಿಲ್ಲ. ಅವರು "ಹೊಲ ಬಿಟ್ಟೇನಿ" ಅನ್ನುವವರೆಗೆ ನಾವೂ ಕಾಲಿಡುವಂತಿಲ್ಲ. ಬಬಲೇಶ್ವರದ ಕಡೆಯ ಹಳ್ಳಿಯಲ್ಲಿ ನನ್ನ ಅಪ್ಪ ಅವ್ವ ಕೂಲಿ ಮಾಡುತ್ತಿದ್ದರು. ಒಂದು ಗುಂಟೆಯೂ ನೆಲವಿರಲಿಲ್ಲ. ಸುಗ್ಗಿ ಮುಗಿದ ಮೇಲಿನ ತಿಂಗಳುಗಟ್ಟಲೆ ರೊಟ್ಟಿ ಹಕ್ಕಲದಿಂದಲೇ ಬರುತ್ತಿತ್ತು. ಅದರಿಂದ ನಮ್ಮ ಮನೆಯಲ್ಲಿ ಒಂದು ರೂಢಿ ಬೆಳೆದಿತ್ತು. ಕೂಸಿನ ನಾಲಿಗೆಗೆ ಬೀಳುವ ಮೊದಲ ಕಾಳು ಹಕ್ಕಲ ಜೋಳದ್ದೇ ಆಗಬೇಕು. ಅದನ್ನು ತಿಂದ ಕೂಸು ಎಲ್ಲಿ ಹೋದರೂ ಹೊಟ್ಟೆ ಹೊರೆದುಕೊಳ್ಳುತ್ತದೆ, ಅನ್ನದ ಮುಂದೆ ಸೊಕ್ಕು ಮಾಡುವುದಿಲ್ಲ ಎಂದು ಅವ್ವ ಹೇಳುತ್ತಿದ್ದಳು. ಸಣ್ಣವಳಿದ್ದಾಗ ನಾನು ತಟ್ಟೆಯಲ್ಲಿ ಏನಾದರೂ ಬಿಟ್ಟರೆ ಅಪ್ಪ, "ಹಕ್ಕಲ ಜ್ವಾಳ ತಿಂದ ಮಗಳು ನೀ, ಹಿಂಗ ಬಿಡ್ತಾರೇನ?" ಅನ್ನುತ್ತಿದ್ದ. ನಾನು ಬಳಿದು ತಿನ್ನುತ್ತಿದ್ದೆ.

ದೊಡ್ಡವಳಾಗಿ ನೌಕರಿ ಸಿಕ್ಕ ಮೇಲೆ ಈ ಮಾತನ್ನು ಯಾರ ಮುಂದೆಯೂ ಎತ್ತಲಿಲ್ಲ. ಸರಕಾರಿ ಕಚೇರಿಯಲ್ಲಿ ರೇಷನ್ ಕಾರ್ಡಿನ ಅರ್ಜಿ ನೋಡುವ ಕೆಲಸ ನನ್ನದು. ದಿನವಿಡೀ ಮಂದಿಯ ಹಸಿವು ಫೈಲಿನಲ್ಲಿ ಬಂದು ಕೂರುತ್ತದೆ, ನಮ್ಮದನ್ನೂ ಯಾಕೆ ತಂದಿಡಬೇಕು? ಒಂದು ಸಲ ನಮಗೆ ತರಬೇತಿ ಇತ್ತು. ಪರದೆಯ ಮೇಲೆ ಜಗತ್ತಿನ ನಕಾಶೆ, ಹಸಿದ ದೇಶಗಳಿಗೆ ಕೆಂಪು ಬಣ್ಣ. ಭೂಮಿ ಇದ್ದಷ್ಟೇ, ನೀರು ಇದ್ದಷ್ಟೇ, ಉಣ್ಣುವ ಬಾಯಿ ಹೆಚ್ಚುತ್ತಿವೆ, ಆದ್ದರಿಂದ ಬೆಳೆದದ್ದನ್ನು ಹಾಳು ಮಾಡಬೇಡಿ ಎಂದು ಬಂದವರು ಚೆನ್ನಾಗಿಯೇ ಹೇಳಿದರು. ಆಮೇಲೆ ಊಟ. ಕೈತೊಳೆಯುವಲ್ಲಿ ಇಟ್ಟ ಬುಟ್ಟಿಯಲ್ಲಿ ಅರ್ಧ ಮುರಿದ ಚಪಾತಿ, ಅನ್ನ, ಜಿಲೇಬಿ ತುಂಬಿ ತುಳುಕುತ್ತಿದ್ದವು. ಮನೆಗೆ ಬಂದು ಅವ್ವನಿಗೆ ಹೇಳಿದೆ.

"ಹೊಟ್ಟಿ ತುಂಬಿದವಗ ಹುಗ್ಗಿ ಮುಳ್ಳು ಅಂತ ಸುಮ್ನ ಹೇಳ್ಯಾರೇನ?" ಎಂದಳು. ಆಮೇಲೆ, "ಆ ಬುಟ್ಟಿ ಈಗ ಎಲ್ಲೈತಿ?" ಎಂದು ಕೇಳಿದಳು. ನಾನು ಹೇಳಲಿಲ್ಲ. ಹೇಳಿದ್ದರೆ ಹೋಗಿಯೇಬಿಡುತ್ತಿದ್ದಳು.

ಹೋದ ವರ್ಷ ನನ್ನ ಮಗಳು ಚೊಚ್ಚಲ ಹೆರಿಗೆಗೆ ಬಂದಳು. ಹೆಣ್ಣು ಕೂಸು. ಅವ್ವನಿಗೆ ಮರಿಮಗಳು. ಶಿವರಾತ್ರಿ ಕಳೆದು ಬಿಸಿಲು ಚುರುಕಾಗುವ ಹೊತ್ತಿಗೆ ಕೂಸಿಗೆ ಆರು ತಿಂಗಳು ತುಂಬುವುದಿತ್ತು. ತುಂಬುವ ವಾರದ ಗುರುವಾರವೇ ಅಳಿಯನ ಮನೆಯವರು ಸೊಲ್ಲಾಪುರದಿಂದ ಬಂದು ತಾಯಿ ಮಗಳನ್ನು ಕರೆದುಕೊಂಡು ಹೋಗುವುದೆಂದು ಗೊತ್ತಾಯಿತು. ಸುದ್ದಿ ಬಂದ ದಿನವೇ, ಇನ್ನೂ ಮೂರು ವಾರ ಇರುವಾಗಲೇ, ಅವ್ವ ಘೋಷಣೆ ಮಾಡಿದಳು.

"ಈ ಕೂಸಿಗೆ ಹಕ್ಕಲ ಜ್ವಾಳದ ನುಚ್ಚ ಉಣಿಸೇ ಕಳಸಾಕಿ ನಾ. ಒಂದ ಸೇರು ಬೇಕು. ಕೂಸಿನ ಕೂಡ ಮನಿಮಂದಿ ಎಲ್ಲಾರೂ ಅದನ್ನ ಉಣ್ಣಬೇಕು."

ನುಚ್ಚು ಅಂದರೆ ಜೋಳವನ್ನು ಒಡೆದು ಮೆತ್ತಗೆ ಬೇಯಿಸಿದ್ದು. ಕೂಸಿಗಾದರೆ ಹಾಲು ಹಾಕಿ ಕಿವುಚಬೇಕು. ಮಗಳು ಗಾಬರಿಯಾದಳು. "ಅಜ್ಜೀ, ಡಾಕ್ಟ್ರು ಮೆತ್ತಗಿಂದು ಏನರೆ ಕೊಡ್ರಿ ಅಂದಾರ ಖರೆ, ಆದ್ರ ಸ್ವಚ್ಛ ಇರಬೇಕ ನೋಡು."

"ನೀ ತಿಂದ ಡಬ್ಬಿ ಹಿಟ್ಟಿಗಿಂತಾ ಸ್ವಚ್ಛ ಇರ್ತೈತಿ ತಗೋ!"

ಆ ಏಟು ನನಗೆ. ಇಪ್ಪತ್ತೇಳು ವರ್ಷದ ಹಿಂದೆ ನನ್ನ ಮಗಳಿಗೆ ನಾನು ಪೇಟೆಯ ಡಬ್ಬಿ ಹಿಟ್ಟನ್ನೇ ಮೊದಲು ತಿನ್ನಿಸಿದ್ದೆ. ಆಗ ಹೊಸ ನೌಕರಿ, ಹೊಸ ಬಾಡಿಗೆ ಮನೆ, ಹಕ್ಕಲ ಗಿಕ್ಕಲ ನನಗೆ ಬೇಕಿರಲಿಲ್ಲ. ಅವ್ವ ಅವತ್ತು ಬಾಯಿಬಿಟ್ಟು ಏನೂ ಅನ್ನಲಿಲ್ಲ. ಆಮೇಲಿನಿಂದ ಇವತ್ತಿನ ತನಕ ಮಗಳು ಸೀನಿದರೂ, ಪರೀಕ್ಷೆಯಲ್ಲಿ ಒಂದು ಅಂಕ ಕಡಿಮೆಯಾದರೂ ಡಬ್ಬಿ ಹಿಟ್ಟಿನದೇ ತಪ್ಪು.

ನಾವು ಆ ಮುಂದಿನ ಮೂರು ಭಾನುವಾರ ಒಂದು ಸೇರು ಜೋಳಕ್ಕಾಗಿ ತಿರುಗಿದೆವು. ಬಿಳಿಜೋಳದ ನಾಡು ನಮ್ಮದು ಎಂದು ಎದೆ ತಟ್ಟಿಕೊಳ್ಳುತ್ತೇವಲ್ಲ, ಹಾಗಾದರೆ ಬಿದ್ದ ತೆನೆ ಸಿಗದೇ ಇರುತ್ತವೆಯೇ ಎಂದುಕೊಂಡಿದ್ದೆ.

ಮೊದಲ ಭಾನುವಾರ ವಿಜಯಪುರಕ್ಕೆ ಅಂಟಿಕೊಂಡ ತೊರವಿಗೆ ಹೋದೆವು. ಅವ್ವ ಹಿಂದೆ ಕೂಲಿಗೆ ಬರುತ್ತಿದ್ದ ಹೊಲಗಳಲ್ಲಿ ಈಗ ಸೈಟಿನ ಕಲ್ಲು ನೆಟ್ಟಿದ್ದರು. "ಇಲ್ಲಿ ಸದಿ ಕಸಾ ತೆಗದೇವಿ, ಇಲ್ಲಿ ಬುತ್ತಿ ಬಿಚ್ಚೇವಿ" ಎಂದು ಅವಳು ಕಾಂಪೌಂಡು ಗೋಡೆಗಳಿಗೆ ಕೈ ತೋರಿಸುತ್ತ ನಡೆದಳು. ಅವುಗಳ ಆಚೆ ಒಂದು ಜೋಳದ ಹೊಲ ಇತ್ತು. ಆದರೆ ಮಷೀನು ಕೊಯ್ದ ಮರುದಿನವೇ ಟ್ರ್ಯಾಕ್ಟರು ಹೊಡೆದು ನೆಲ ಮಗುಚಿಬಿಟ್ಟಿದ್ದರು. ಹೆಂಟೆ ಕೆದಕಿ ಕೆದಕಿ ಏಳು ತೆನೆ ತೆಗೆದೆವು. ಏಳರಲ್ಲೂ ಕಾಳಿರಲಿಲ್ಲ.

"ಹಕ್ಕಿ ನಮಗಿಂತಾ ಜಾಣ ಅದಾವ, ಭಾನುವಾರದ ತನಾ ಕಾಯೂದಿಲ್ಲ" ಎಂದಳು ಅವ್ವ. ನನಗೆ ನಗು ಬರಲಿಲ್ಲ, ಹೊಸ ಚಪ್ಪಲಿ ಕರಿಮಣ್ಣಿನಲ್ಲಿ ಹೂತು ಕಿತ್ತುಹೋಗಿತ್ತು.

ಎರಡನೇ ಭಾನುವಾರ ತಿಕೋಟಾ. ನನ್ನ ಕಚೇರಿಯ ಒಬ್ಬರು ಆ ಕಡೆ ಜೋಳ ಇದೆ ಅಂದಿದ್ದರು. ಬಸ್ಸಿನಿಂದ ಇಳಿದು ನೋಡಿದರೆ ಕಣ್ಣು ಹಾಯಿಸಿದಷ್ಟೂ ದ್ರಾಕ್ಷಿ. ನಾನು ಸಣ್ಣವಳಿದ್ದಾಗ ಇಲ್ಲಿ ಕಲ್ಲು, ಜಾಲಿ ಬಿಟ್ಟರೆ ಏನೂ ಇರಲಿಲ್ಲ. ಈಗ ಕಾಲುವೆ ನೀರು ಬಂದಿದೆ. ನನ್ನ ಸಿಟ್ಟು ಮೂಗಿನ ತುದಿಯಲ್ಲೇ ಇರುವುದು, ಏರಿಬಿಟ್ಟಿತು. "ಎಲ್ಲಾರೂ ದ್ರಾಕ್ಷಿ ಹಚ್ಚಿದ್ರ ನಾಳೆ ರೊಟ್ಟಿಗೇನ ಮಾಡ್ತಾರ? ಒಣದ್ರಾಕ್ಷಿ ಬಡಿತಾರೇನ?" ಎಂದು ದಾರಿಯುದ್ದಕ್ಕೂ ಭಾಷಣ ಮಾಡಿದೆ.

ಅವ್ವ ಕೇಳುವಷ್ಟು ಕೇಳಿದಳು. "ಲೇ, ನೀರ ಇಲ್ಲದ ದಿನದಾಗ ಈ ಹೊಲದವ್ರೂ ನಮ್ಮ ಕೂಡ ಕೂಲಿಗೆ ಬರ್ತಿದ್ರು. ಅವರೂ ಉಣ್ಣಲಿ. ನೀ ದಿನಾ ರೊಟ್ಟಿ ತಿಂತೀ ಏನ? ಚಪಾತಿ ಬೇಕಂತಿ. ಜ್ವಾಳ ಬೆಳೀರಿ ಅನ್ನಾಕ ಮೊದಲ ಜ್ವಾಳ ತಿನಬೇಕು."

ರಸ್ತೆಯ ಪಕ್ಕದ ಒಂದು ಶೆಡ್ಡಿನಲ್ಲಿ ಬಲೆಗಳ ಮೇಲೆ ದ್ರಾಕ್ಷಿ ಒಣಹಾಕಿದ್ದರು. ಬಲೆಯ ಕೆಳಗೆ ಉದುರಿದ್ದನ್ನು ನೋಡಿ ಅವ್ವನ ಕಾಲು ತಾನೇ ನಿಂತಿತು. "ಹಕ್ಕಲಾ ಆರಿಸ್ಕೊಳ್ಳಲ್ಯಾ ಯವ್ವಾ?" ಎಂದು ಕೇಳಿದಳು. ಶೆಡ್ಡಿನ ಒಡತಿ ನಕ್ಕು, "ಅಯ್ಯ, ಕೆಳಗಿಂದ್ಯಾಕ ಆರಿಸ್ತೀರಿ ಬೇ ಅಮ್ಮಾ, ಉಡಿ ಒಡ್ರಿ" ಎಂದು ಬಲೆಯ ಮೇಲಿನದನ್ನೇ ಬೊಗಸೆ ಬೊಗಸೆ ಹಾಕಿದಳು. ಬಸ್ಸಿನಲ್ಲಿ ಅವ್ವ ಅದರಲ್ಲಿ ಅರ್ಧ ಖಾಲಿ ಮಾಡಿದಳು. ಆದರೆ ಮುಖ ಗೆಲುವಾಗಲಿಲ್ಲ. "ಕೊಟ್ಟಿದ್ದು ಹಕ್ಕಲಾಗೂದಿಲ್ಲ" ಎಂದಳು.

ಮೂರನೇ ಭಾನುವಾರ ಬಬಲೇಶ್ವರಕ್ಕೆ ಹೋಗಿ, ಅಲ್ಲಿಂದ ಟಂಟಂ ಆಟೋ ಹಿಡಿದು ನಿಡೋಣಿಗೆ ಹೋದೆವು. ಅದೇ ಕೊನೆಯ ಭಾನುವಾರ. ಊರ ಹೊರಗೆ ಒಂದು ಹೊಲದಲ್ಲಿ ಕೈಯಿಂದ ಕೊಯ್ದ ಜೋಳ! ಜೋಳದ ದಂಟು, ಕಣಿಕೆಯನ್ನು ಬಣವೆ ಒಟ್ಟಿ ಅದರ ನೆರಳಿನಲ್ಲಿ ಹೊಲದ ಯಜಮಾನರು ಚಹಾ ಕುಡಿಯುತ್ತಿದ್ದರು. ಅರವತ್ತು ದಾಟಿದ ಮುಸಲ್ಮಾನರು. ಅಜ್ಜನ ಕಾಲದಿಂದಲೂ ಅದೇ ಹೊಲ ಮಾಡುವವರಂತೆ. ಅವ್ವ ಬದುವಿನ ಮೇಲೆಯೇ ನಿಂತು, "ಯಪ್ಪಾ, ಹೊಲಾ ಬಿಟ್ಟೀರ್ಯಾ?" ಎಂದು ಕೂಗಿದಳು.

ಅವರು ಚಹಾದ ಕಪ್ಪು ಕೆಳಗಿಟ್ಟು ಎದ್ದು ನಿಂತರು. "ಯಾ ಅಲ್ಲಾ! ಈ ಮಾತ ಕೇಳಿ ಎಷ್ಟ ವರ್ಷಾತು! ಬಿಟ್ಟೇನಿ ಅಮ್ಮಾ, ಬರ್ರಿ, ಆರಿಸ್ಕೋರಿ. ಈಗ ಯಾರೂ ಹಕ್ಕಲಕ್ಕ ಬರೂದಿಲ್ಲ, ಹಕ್ಕಿಗೆ ಬಿಟ್ಟಬಿಡ್ತೇವಿ." ಯಾಕೆ ಎಂದು ತಿಳಿದ ಮೇಲೆ ಒಂದು ಚೀಲ ಜೋಳ ಒಯ್ಯಿರಿ ಎಂದು ಹಟ ಮಾಡಿದರು. ಅವ್ವ ಕೈಮುಗಿದು ಒಲ್ಲೆ ಎಂದಳು.

ಅವತ್ತು ನಾನೂ ಬಗ್ಗಿದೆ. ಮೊದಮೊದಲು ಯಾರಾದರೂ ಗುರುತಿನವರು ಬಂದಾರೆಂದು ರಸ್ತೆಯ ಕಡೆ ನೋಡುತ್ತಿದ್ದೆ. ಕೂಳೆ ಚುಚ್ಚಿ ಪಾದ ಉರಿಯತೊಡಗಿದ ಮೇಲೆ ರಸ್ತೆ ಮರೆತುಹೋಯಿತು. ಒಂದು ತೆನೆ ಸಿಕ್ಕರೆ ಇನ್ನೊಂದು ಅಲ್ಲೇ ಇರಬೇಕು ಅನ್ನಿಸುತ್ತದೆ, ಅದೊಂದು ಥರ ಹುಚ್ಚು. ನನಗೊಂದು ತುಂಬಿದ ತೆನೆ ಸಿಕ್ಕಾಗ "ಯವ್ವಾ, ನೋಡಿಲ್ಲಿ!" ಎಂದು ಕುಣಿದಿದ್ದೆ, ಐವತ್ತೆರಡು ವರ್ಷದ ಹೆಂಗಸು. ಬಿಸಿಲು ಇಳಿಯುವ ತನಕ ಆರಿಸಿ, ಮನೆಗೆ ತಂದು, ಬಡಿದು, ಮೊರದಲ್ಲಿ ಕೇರಿದರೆ ಒಂದು ಬೊಗಸೆ ಜೋಳವಾಯಿತು. ಹಿತ್ತಾಳೆಯ ಸೇರಿಗೆ ಸುರಿದರೆ ತಳ ಮುಚ್ಚಿ ಸ್ವಲ್ಪ ಮೇಲೆ ಬಂತು, ಅಷ್ಟೇ.

ಸೋಮವಾರ ಅವ್ವನ ಮೊಣಕಾಲು ಊದಿಕೊಂಡವು. "ನಾಳೆ ಒಬ್ಬಾಕೇ ಹೋಗಿಬರ್ತೀನಿ" ಎಂದು ಏಳಲು ಹೋದವಳು ಗೋಡೆ ಹಿಡಿದು ಹಾಗೇ ಕೂತುಬಿಟ್ಟಳು. ಅವಳು ಅಳುವುದನ್ನು ನಾನು ನೋಡಿದ್ದು ಅಪ್ಪ ಹೋದಾಗ ಮಾತ್ರ. ಅವತ್ತು ಆ ಸೇರನ್ನು ತೊಡೆಯ ಮೇಲಿಟ್ಟುಕೊಂಡು, "ಇದೊಂದರೆ ಸುದ್ದ ಆಗ್ತೈತಿ ಅಂದ್ಕೊಂಡಿದ್ನಿ, ಇದೂ ಆಗವಲ್ದಲ್ಲ ಬೇ" ಎಂದು ಕಣ್ಣೊರೆಸಿಕೊಂಡಳು. "ಇದೊಂದರೆ" ಎಂದರೆ ಏನು ಎಂದು ನನಗೆ ಹೊಳೆಯಲಿಲ್ಲ. ಮರುಕದ ಜೊತೆಗೇ ಸಿಟ್ಟೂ ಬಂತು. ಒಂದು ಸೇರು ಜೋಳಕ್ಕೆ ಮುದುಕಿ ಹೀಗೆ ಕಣ್ಣೀರು ಹಾಕಬೇಕೇ? ಅಂಗಡಿಯಲ್ಲಿ ಚೀಲಗಟ್ಟಲೆ ಬಿದ್ದಿದೆ!

ಮಂಗಳವಾರ ಕಚೇರಿ ಬಿಟ್ಟವಳೇ ಸ್ಟೇಷನ್ ರಸ್ತೆಯಲ್ಲಿ ಒಳ್ಳೆಯ ಬಿಳಿಜೋಳ ಕೊಂಡೆ. ಮನೆಯಲ್ಲಿ ಅವ್ವ ಸ್ನಾನಕ್ಕೆ ಹೋದ ಹೊತ್ತು ನೋಡಿ ಸೇರಿಗೆ ಸುರಿದು, ಕೈಯಾಡಿಸಿ ಚೆನ್ನಾಗಿ ಬೆರೆಸಿದೆ. ಸೇರು ತಲೆತುಂಬ ಆಯಿತು. ಅವಳು ಬಂದ ಮೇಲೆ, "ಇವತ್ತ ಅರ್ಧಾ ದಿನಾ ರಜಾ ಹಾಕಿ ನಿಡೋಣಿಗೆ ಹೋಗಿದ್ನಿ ಬೇ. ಸಿಕ್ತು ನೋಡು!" ಎಂದೆ.

ಅವ್ವ ಸೇರಿನಲ್ಲಿ ಬೆರಳಾಡಿಸಿದಳು. "ಒಬ್ಬಾಕೇ ಇಷ್ಟ ಆರಿಸೀ?" ಎಂದಳು. ನಾನು ಗಕ್ಕನೆ ನನ್ನ ಉಗುರು ನೋಡಿಕೊಂಡೆ, ಮಣ್ಣಿದೆಯೋ ಇಲ್ಲವೋ ಎಂದು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಅನ್ನುತ್ತಾರಲ್ಲ, ಹಾಗಾಯಿತು. ಅವಳು ಸೇರನ್ನು ಎತ್ತಿ ಗೂಡಿನಲ್ಲಿಟ್ಟಳು. ಗೆದ್ದೆ ಎಂದುಕೊಂಡೆ.

ಬುಧವಾರ ಬೆಳಿಗ್ಗೆ ಎದ್ದು ಬಂದರೆ ಬಾಗಿಲ ಬಿಸಿಲಿನಲ್ಲಿ ಅವ್ವ ಕಾಲು ಚಾಚಿ ಕೂತಿದ್ದಾಳೆ. ಕನ್ನಡಕ ಮೂಗಿನ ತುದಿಯಲ್ಲಿ. ಮುಂದೆ ಮೊರ. ಮೊರದಲ್ಲಿ ಮೂರು ಗುಂಪು ಜೋಳ. ಒಂದೊಂದೇ ಕಾಳು ಎತ್ತಿ, ಬಿಸಿಲಿಗೆ ಹಿಡಿದು, ಬೇರೆ ಬೇರೆ ಹಾಕುತ್ತಿದ್ದಾಳೆ.

"ಏನ ಮಾಡಾಕತ್ತೀ ಬೇ?"

"ಇದು ನಿಡೋಣಿದು. ಸಣ್ಣ ಕಾಳು, ಹೊಟ್ಟ ಅಂಟೇತಿ, ಒಂದೊಂದು ಹುಳಾ ಕಡದೈತಿ. ಇದು ಅಂಗಡಿದು. ನೋಡು, ಹೆಂಗ ಮಖಾ ತೊಳಕೊಂಡ ಕುಂತಾವ."

"ಮತ್ತ ಮೂರನೇದು?"

"ಅವು ಯಾವ ಊರವು ಅಂತ ಹೇಳವಲ್ಲವು. ಕೇಳಾಕತ್ತೇನಿ."

ತಪ್ಪಾಯಿತು ಅನ್ನಬೇಕಿತ್ತು. ಅದರ ಬದಲು ನಾನೇ ಜಗಳ ತೆಗೆದೆ. ಜೋಳ ಜೋಳವೇ, ಕೂಸಿಗೇನು ಗೊತ್ತಾಗುತ್ತದೆ, ನಿನ್ನ ಹಟಕ್ಕೆ ಕಾಲು ಮುರಿದುಕೊಳ್ಳುತ್ತೀಯಾ, ನನಗೆ ಹಕ್ಕಲ ತಿನ್ನಿಸಿದ್ದಕ್ಕೆ ನಾನೇನು ದೊಡ್ಡ ರಾಣಿಯಾದೆ ಎಂದು ಒಂದೇ ಉಸಿರಿಗೆ ಅಂದುಬಿಟ್ಟೆ. ಅವ್ವ ಕಾಳು ಹಿಡಿದ ಕೈಯನ್ನು ಹಾಗೇ ನಿಲ್ಲಿಸಿದಳು.

"ನಿನಗ ತಿನಿಸಿದ್ದು ಹಕ್ಕಲಲ್ಲ ಬೇ."

"ಮತ್ತ?"

"ಕಳವು ಮಾಡಿದ್ದು."

ನಾನು ಅಲ್ಲೇ ಹೊಸ್ತಿಲ ಮೇಲೆ ಕೂತೆ. ಆ ವರ್ಷ ಸುಗ್ಗಿ ತಡವಾಗಿತ್ತಂತೆ. ಹೊಲಗಳೆಲ್ಲ ಇನ್ನೂ ನಿಂತೇ ಇದ್ದವು, ಕೊಯ್ಯುವ ತನಕ ಹಕ್ಕಲ ಇಲ್ಲ. ಅವ್ವನ ಎದೆಯಲ್ಲಿ ಹಾಲು ಬತ್ತಿತ್ತು. ನಾನು ಆರು ತಿಂಗಳ ಕೂಸು.

"ನೀ ಅತ್ತ ಅತ್ತ ಆಮ್ಯಾಲ ಅಳೂದು ಬಿಟ್ಟಬಿಟ್ಟಿ. ಅಳೂ ಕೂಸಿಗಿಂತಾ ಅಳೂದ ಬಿಟ್ಟ ಕೂಸು ಅಂಜಿಕಿ ಬರಸ್ತೈತಿ. ಹೋದ್ನಿ, ನಿಂತ ಬೆಳಿಯಾಗಿಂದ ಐದ ತೆನಿ ಮುರಕೊಂಡ ಉಡ್ಯಾಗ ಹಾಕ್ಕೊಂಡ ಬಂದ್ನಿ. ನಿಮ್ಮಪ್ಪಗೂ ಹೇಳಲಿಲ್ಲ. ಅಂವ ಸಾಯೂ ತನಾ ಹಕ್ಕಲ ಅಂತನ ತಿಳಕೊಂಡಿದ್ದ. ನಿನ್ನದು ಹಂಗಾತು, ನಿನ್ನ ಮಗಳದು ಡಬ್ಬ್ಯಾಗ ಹೋತು. ಇದೊಂದ ಕೂಸಿಂದರೆ ಸುದ್ದ ಇರ್ಲಿ ಅಂದ್ನಿ."

ಐವತ್ತೆರಡು ವರ್ಷ ಆ ಐದು ತೆನೆಯನ್ನು ಇವಳು ಉಡಿಯಲ್ಲೇ ಇಟ್ಟುಕೊಂಡು ತಿರುಗಿದ್ದಳೇ ಎನಿಸಿ ಸೆರಗು ಕಣ್ಣಿಗೆ ಒತ್ತಿಕೊಂಡೆ. ನಾನು ಅಳುತ್ತೇನೆಂದು ಗೊತ್ತಾಗಿ ಅವ್ವ ಮೊರವನ್ನು ನನ್ನ ಕಡೆ ದೂಡಿದಳು.

"ಅದಕ್ಕ ನಿನ್ನ ಬಾಯಿ ಇಷ್ಟ ಜೋರ ಐತಿ ನೋಡು. ಕಳವಿನ ಜ್ವಾಳ! ಕುಂದ್ರು, ಆರಿಸು. ನಿನ್ನ ಕಣ್ಣ ಇನ್ನೂ ಛಲೋ ಅದಾವ."

ಅಳುವುದಕ್ಕೆ ಹೋಗಿ ಕಿಸಕ್ಕನೆ ನಕ್ಕೆ. ಇಬ್ಬರೂ ಮಧ್ಯಾಹ್ನದವರೆಗೆ ಆರಿಸಿದೆವು. ನಾನು ಕಚೇರಿಗೆ ಹೋಗಲೇ ಇಲ್ಲ, ಅರ್ಧ ದಿನದ ಸುಳ್ಳು ರಜೆ ಇಡೀ ದಿನದ ನಿಜ ರಜೆಯಾಯಿತು. ಹೆಸರು ಹೇಳದ ಮೂರನೇ ಗುಂಪನ್ನು ಅವ್ವ ಗುಬ್ಬಿಗಳಿಗೆ ಎಸೆದಳು. ಹುಳ ಕಡಿದದ್ದು ತೆಗೆದ ಮೇಲೆ ಖಾತ್ರಿ ಹಕ್ಕಲ ಉಳಿದದ್ದು ಒಂದೇ ಹಿಡಿ.

ಗುರುವಾರ ಅಳಿಯ, ಬೀಗತಿ, ಅವರ ಕಡೆಯ ನಾಲ್ಕು ಜನ ಬಂದರು. ಒಲೆಯ ಮೇಲೆ ಎರಡು ಪಾತ್ರೆ. ದೊಡ್ಡದರಲ್ಲಿ ಎಲ್ಲರ ಊಟಕ್ಕೆ ಅಂಗಡಿ ಜೋಳದ ನುಚ್ಚು, ಸಣ್ಣ ಬಟ್ಟಲಿನಲ್ಲಿ ಹಕ್ಕಲದ್ದು. ಬುದ್ಧನ ಪಟದ ಮುಂದೆ ಅವ್ವ ಕೂಸನ್ನು ತೊಡೆಯ ಮೇಲೆ ಕೂಡಿಸಿಕೊಂಡು, ಬೆರಳ ತುದಿಯಿಂದ ಮೊದಲ ತುತ್ತು ಇಟ್ಟಳು. ಕೂಸು ಮುಖ ಕಿವುಚಿ, ನಾಲಿಗೆಯಿಂದ ಹೊರಗೆ ದೂಡಿತು. ಎಲ್ಲರೂ ನಕ್ಕರು. ಎರಡನೆಯದೂ ಅರ್ಧ ಹೊರಗೆ ಬಂತು. "ಸಾಕು ಬಿಡ್ರಿ, ನಾಲಗಿಗೆ ಹತ್ತಿತಲ್ಲ" ಎಂದರು ಬೀಗತಿ. ಮನೆಮಂದಿ ಎಲ್ಲರೂ ಉಣ್ಣಬೇಕೆಂಬ ರೂಢಿಯಂತೆ ಅವ್ವ ಬಟ್ಟಲನ್ನು ದಾಟಿಸಿದಳು. ಒಬ್ಬೊಬ್ಬರಿಗೆ ಒಂದೊಂದು ಚಮಚ. ಕಡೆಗೆ ಬಟ್ಟಲು ನನಗೆ ಬಂತು. ತಳಕ್ಕೆ ಬೆರಳು ಹಾಕಿ ಬಳಿದು ನೆಕ್ಕಿದೆ.

ಆಗಲೇ ಕೂಸು ತುಟಿ ಚಪ್ಪರಿಸಿತು. ತುಟಿಗೆ ಅಂಟಿದ್ದನ್ನು ಒಳಗೆಳೆದುಕೊಂಡು, ಒಂದು ಕ್ಷಣ ಯೋಚಿಸಿ, ಬಾಯಿ ತೆರೆಯಿತು. ಯಾರೂ ಏನೂ ಇಡದಿದ್ದಾಗ ಕೈಕಾಲು ಬಡಿದು ಒದರತೊಡಗಿತು. ನನ್ನ ಕೈಯಲ್ಲಿ ಖಾಲಿ ಬಟ್ಟಲು. ಮಗಳು ನನ್ನನ್ನು ನೋಡಿದಳು, ನಾನು ಅವ್ವನನ್ನು ನೋಡಿದೆ. ಮೂರು ಭಾನುವಾರದ ದುಡಿತವನ್ನು ನಾನೇ ನೆಕ್ಕಿ ಮುಗಿಸಿದ್ದೆನಲ್ಲ, ಈಗ ಎಲ್ಲಿಂದ ತರಲಿ?

ಅವ್ವ ಆಗಲೇ ದೊಡ್ಡ ಪಾತ್ರೆಯ ಮುಚ್ಚಳ ತೆಗೆದಿದ್ದಳು. ಅಂಗಡಿ ಜೋಳದ ನುಚ್ಚನ್ನು ಅಂಗೈಯಲ್ಲಿ ಹಾಕಿಕೊಂಡು, ಹಾಲು ಬಿಟ್ಟು ಕಿವುಚಿ, ಊದಿ ಆರಿಸಿ ಕೂಸಿನ ಬಾಯಿಗಿಟ್ಟಳು. ಅಳು ನಿಂತಿತು.

"ಯವ್ವಾ, ಅದು ಅಂಗಡಿದು" ಎಂದೆ ಮೆಲ್ಲಗೆ.

"ಹಸದೈತಿ ಬೇ" ಎಂದಳು ಅವ್ವ, ನನ್ನ ಕಡೆ ನೋಡದೆ, ಇನ್ನೊಂದು ತುತ್ತು ಕಿವುಚುತ್ತ.